ಅವ್ವ ತಡವಾಗಿ ಕೂಗಿದ ಹೆಸರು

ಮೊನ್ನೆ ಮಲಪ್ರಭೆಯ ಸೇತುವೆಯ ಮೇಲೆ ಡಾಂಬರು ಹಾಕುತ್ತಿದ್ದರು. ಮಗ, ಸೊಸೆಯ ಜೊತೆ ನಾನಿದ್ದ ಬಸ್ಸು ನಿಂತಿತು. ಆ ವಾಸನೆಗೆ, ಹಿಂದೆ ಹೊಳೆ ದಾಟಿಸುತ್ತಿದ್ದ ಹರಗೋಲು ನೆನಪಾಯಿತು. ಅದರ ತಳಕ್ಕೂ ಡಾಂಬರೇ ಬಳಿಯುತ್ತಿದ್ದರು.

ಆಗ ಸೇತುವೆ ಇರಲಿಲ್ಲ. ನಮ್ಮೂರು ಹೊಳೆಯ ಆಚೆಗೆ, ದವಾಖಾನೆ ಈಚೆಗೆ ರೋಣದಲ್ಲಿ. ವಾಂತಿಭೇದಿಯಿಂದ ಕೂಸು ತಮ್ಮನ ಕಣ್ಣುಗಳು ಒಳಗೆ ಹೋಗಿದ್ದವು. ಅಪ್ಪ ನರೇಗಲ್ಲ ಸಂತೆಗೆ ಹೋಗಿದ್ದ. ಅವ್ವ ತಮ್ಮನನ್ನು ಸೆರಗಿನಲ್ಲಿ ಸುತ್ತಿಕೊಂಡು ದಡಕ್ಕೆ ಓಡಿದಳು, ಬೆನ್ನಿಗೆ ನಾನು. ಹರಗೋಲು ಎದುರು ದಡದಲ್ಲಿತ್ತು.

"ಯಣ್ಣಾ, ಲಗೂ ಬರ್ರಿ," ಎಂದು ಅವ್ವ ಕೂಗಿಯೇ ಕೂಗಿದಳು. ಅಲ್ಲಿ ದಡದ ತುಂಬ ಜನ. ಯಾರನ್ನೋ ಕರೆಯುತ್ತಿದ್ದಾಳೆಂದು ಯಾರೂ ತಿರುಗಲಿಲ್ಲ.

ಅಂಬಿಗನ ಹೆಸರು ಭೀಮಪ್ಪ. ಅಪ್ಪನ ಹೆಸರೂ ಅದೇ. ಗಂಡನ ಹೆಸರು ಹೇಳಿದರೆ ಅವನ ಆಯುಷ್ಯ ಕಡಿಮೆಯಾಗುತ್ತದೆಂದು ಅವ್ವ ನಂಬಿದ್ದಳು. ನಾನು ಕೂಗಲು ಹೋದೆ, ಬಾಯಿ ಮುಚ್ಚಿದಳು.

"ಅಪ್ಪನ ಹೆಸರ ಹಿಡೀತಿ? ಸುಮ್ನಿರು."

ತಮ್ಮನ ಕೈ ಸೆರಗಿನಿಂದ ಜೋತುಬಿತ್ತು. ಆಗ ಅವ್ವ "ಭೀಮಪ್ಪಾ" ಎಂದು ಚೀರಿದಳು. ಹರಗೋಲು ಕೂಡಲೇ ಬಂತು. ನಡುಹೊಳೆಯಲ್ಲಿ ತಮ್ಮ ಹೋಗಿಬಿಟ್ಟ.

"ಮೊದಲಽ ಹೆಸರ ಹಿಡಿದು ಕರೀಬಾರದೇನವಾ?" ಎಂದ ಅಂಬಿಗ. ಅವ್ವ ನೀರು ನೋಡುತ್ತ ಕುಳಿತಳು.

ಅಷ್ಟಾದರೂ ನಾನು ಗಂಡನ ಹೆಸರು ಹೇಳದೆ ಬಾಳಿದವಳು. ಸೊಸೆಗೂ ಬಿಗಿಯಾಗಿ ಅದನ್ನೇ ಕಲಿಸಿದವಳು.

ಮೊನ್ನೆ ಬಸ್ಸು ಹೊರಟಾಗ, ಸೇತುವೆಯ ತುದಿಯ ಅಂಗಡಿಯಿಂದ ಕುಡಿಯುವ ನೀರು ತರಲು ಇಳಿದ ಮಗ ಹಿಂದೆ ಉಳಿದಿದ್ದ. ಸೊಸೆ ಕಿಟಕಿಯಿಂದ "ಏನ್ರಿ, ಏನ್ರಿ" ಎಂದಳು. ದಾರಿಯಲ್ಲಿದ್ದ ನಾಲ್ಕು ಮಂದಿ ಗಂಡಸರು ತಿರುಗಿದರು, ಮಗ ತಿರುಗಲಿಲ್ಲ.

"ಹೆಸರ ಹಿಡಿದು ಕೂಗವಾ," ಎಂದೆ. "ಲಗೂ ಕೂಗು."