ಮನೆ ಬದಲಾಯಿಸಿದ ಕಡತ

ನನ್ನ ತಂಗಿ ರಕ್ತಪರೀಕ್ಷೆಯ ಲ್ಯಾಬ್ ನಡೆಸುತ್ತಾಳೆ. ಅಚ್ಚುಕಟ್ಟು ಎಂದರೆ ಅವಳಿಗೆ ಪ್ರಾಣ. ಸೀಸೆಗಳು ಕೂಡ ಅವಳೆದುರು ಸಾಲು ತಪ್ಪುವುದಿಲ್ಲ. ಒಮ್ಮೆ ಕಂಪ್ಯೂಟರನ್ನೂ ಹಾಗೆಯೇ ಓರಣ ಮಾಡಿದಳು. ಅಂದು ಸಂಜೆ ಒಂದು ವರದಿಯೂ ಮುದ್ರಣವಾಗಲಿಲ್ಲ. ಪಕ್ಕದ ಮನೆಯ ಬಸುರಿಗೆ ವೈದ್ಯರು ಆಸ್ಪತ್ರೆಯಿಂದ ಹೊರಡುವ ಮುನ್ನ ವರದಿ ಬೇಕಿತ್ತು. ತಂಗಿಯ ಮುಖ ಬಾಡಿತು.

ರಿಪೇರಿಯ ಹುಡುಗಿ ಬಂದು ನೋಡಿ ನಕ್ಕಳು. "ಅಕ್ಕಾ, ಮುದ್ರಿಸೋಕೆ ಪ್ರೋಗ್ರಾಂ ನೆರವು ಕೇಳೋ ಲೈಬ್ರರಿ ಕಡತಾನ ಬೇರೆ ಫೋಲ್ಡರಿಗೆ ಹಾಕಿದ್ದೀರಲ್ಲ?"

"ಒಂದೇ ಥರದವನ್ನೆಲ್ಲ ಒಟ್ಟಿಗಿಟ್ಟೆ ಕಣೇ. ತಪ್ಪಾ?"

"ಕಡತ ಮನೆ ಬದಲಾಯಿಸ್ತು, ಕಂಪ್ಯೂಟರಿನ ನೋಂದಣಿಯಲ್ಲಿ ಹಳೇ ವಿಳಾಸಾನೇ ಇದೆ. ಪ್ರೋಗ್ರಾಂ ಹೋಗಿ ಖಾಲಿ ಮನೆ ಬಾಗಿಲು ತಟ್ತಾ ಇದೆ. ವಾಪಸ್ ಕಳಿಸ್ಲಾ, ಹೊಸ ವಿಳಾಸ ನೋಂದಾಯಿಸ್ಲಾ?"

"ಹೊಸದೇ ಇರ್ಲಿ. ನೋಡೋಕೆ ಲಕ್ಷಣವಾಗಿದೆ."

ಹುಡುಗಿ ಒಂದು ಸಾಲಿನ ಆದೇಶ ಕೊಟ್ಟಳು. ಕಡತವು ತನ್ನೊಳಗಿನ ಘಟಕಗಳ ಗುರುತನ್ನೂ ತಾನೀಗ ಇರುವ ಜಾಗವನ್ನೂ ತಾನೇ ನೋಂದಣಿಗೆ ಬರೆಸಿತು. ಮುದ್ರಣಯಂತ್ರ ಗರಗರ ಎಂದಿತು. ಬಸುರಿಯ ಗಂಡ ವರದಿ ಹಿಡಿದು ಓಡಿದ. ವೈದ್ಯರು ಇನ್ನೂ ಕುರ್ಚಿ ಬಿಟ್ಟು ಎದ್ದಿರಲಿಲ್ಲವಂತೆ.