ಜಾಲರಿಯಲ್ಲಿ ಉಳಿದ ಹಿತ್ತಾಳೆ

ಮೊನ್ನೆ ಹಳೆಯ ಪೆಟ್ಟಿಗೆಯ ತಳದಲ್ಲಿ ದಾಲ್ ಮಿಲ್ಲಿನ ಜಾಲರಿಯ ಚೂರೊಂದು ಸಿಕ್ಕಿತು. ಅಂಗೈಯಗಲದ ಬಾಗಿದ ಕಬ್ಬಿಣ. ಅದರ ತೂತುಗಳಲ್ಲಿ ಹಿತ್ತಾಳೆ ತೊಗರಿ ಕಾಳಿನಂತೆ ಸಿಕ್ಕಿಕೊಂಡಿದೆ. ಮೂಗಿಗೆ ಹಿಡಿದೆ. ಸುಟ್ಟ ಮರಳಿನ ವಾಸನೆ ಇನ್ನೂ ಇದೆಯೋ, ನನ್ನ ಭ್ರಮೆಯೋ...

ಎಂಬತ್ತರ ದಶಕದ ಕೊನೆಯಲ್ಲಿ ನಾನು ಕಲಬುರಗಿಯ ಒಂದು ಎರಕದ ಕಾರ್ಖಾನೆಯಲ್ಲಿ ಭಟ್ಟಿ ನೋಡಿಕೊಳ್ಳುತ್ತಿದ್ದೆ. ಕಮಲಾಪುರದ ಹೈಸ್ಕೂಲಿನ ಡ್ರಾಯಿಂಗ್ ಮಾಸ್ತರರೊಬ್ಬರು ಪ್ರತಿ ಭಾನುವಾರ ಬರುತ್ತಿದ್ದರು. ಬಸ್ಸಿಳಿದವರು ಮಿಲ್ಲುಗಳ ಹಿತ್ತಿಲಲ್ಲಿ ಅಲೆದು, ಸವೆದ ಹಲ್ಲಿನ ಗಾಲಿ, ತುಂಡು ಚೈನು, ಹರಿದ ಜಾಲರಿ ಎಲ್ಲವನ್ನೂ ಗೋಣಿಚೀಲದಲ್ಲಿ ಹೊತ್ತು ತರುತ್ತಿದ್ದರು.

"ಸರ, ಮಿಲ್ಲಿನ್ಯಾಗ ಏನರ ಉಳಿಸಿ ಬಂದೀರೋ ಇಲ್ಲೋ?" ಎಂದು ನಾನು ಕೆಣಕಿದರೆ, "ಮಾಲಕನ್ನ ಬಿಟ್ಟು ಬಂದೀನಪ್ಪ" ಎನ್ನುತ್ತಿದ್ದರು.

ಅದನ್ನೆಲ್ಲ ಮರಳಿನ ಅಚ್ಚಿನಲ್ಲಿ ಜೋಡಿಸಿ, ಮೇಲೆ ಕರಗಿದ ಹಿತ್ತಾಳೆ ಹುಯ್ಯಿಸುತ್ತಿದ್ದರು. ಹೊರಬಂದದ್ದು ದೇವರೂ ಅಲ್ಲ, ದನವೂ ಅಲ್ಲ. ಉಳಿದ ಕೆಲಸಗಾರರು ನಗುತ್ತಿದ್ದರು. ಒಮ್ಮೆ ಮೊಣಕಾಲೆತ್ತರದ್ದೊಂದು ಮಾಡಿದರು. ಅಚ್ಚು ಒಡೆದಾಗ, "ನಿನಗ ಏನ ಕಾಣಸ್ತದ?" ಎಂದು ಕೇಳಿದರು.

"ನಮ್ಮವ್ವ ಬಗ್ಗಿ ತೊಗರಿ ಕೇರಾಕತ್ತಂಗ ಕಾಣಸ್ತದರಿ."

ಅವರು ಅದಕ್ಕಂಟಿದ ಮರಳನ್ನು ಅಂಗೈಯಿಂದ ಒರೆಸಿದರು. "ಯಾರಿಗೂ ತಿಳೀಲಿಲ್ಲಂದ್ರೂ ನಡೀತದ. ನಿನಗ ತಿಳೀತಲ್ಲ," ಎಂದರು. ಅದನ್ನು ತಮ್ಮೂರಿನ ಕಲಾ ಪ್ರದರ್ಶನವೊಂದಕ್ಕೆ ಕೊಡಲು ಒಪ್ಪಿಕೊಂಡಿದ್ದರು. ಅವರ ಮೊದಲ ಪ್ರದರ್ಶನ. ಮುಂದಿನ ಭಾನುವಾರ ಒಯ್ಯುವುದಾಗಿ ನನ್ನ ಬಳಿ ಬಿಟ್ಟುಹೋದರು.

ಆ ವಾರ ತೊಗರಿಯ ಸುಗ್ಗಿ. ಒಂದು ಮಿಲ್ಲಿನಲ್ಲಿ ದಂಡ ತಿರುಗುವ ಹಿತ್ತಾಳೆಯ ಬಳೆ, ಬುಶ್, ಸವೆದು ಯಂತ್ರ ನಿಂತಿತ್ತು. ಸಂಜೆಯೊಳಗೆ ಹೊಸದು ಕೊಡುತ್ತೇವೆಂದು ನಮ್ಮ ಮಾಲಕರು ಒಪ್ಪಿಬಿಟ್ಟಿದ್ದರು. ಹಿತ್ತಾಳೆ ಮುಗಿದದ್ದನ್ನು ಅವರಿಗೆ ತಿಳಿಸಬೇಕಾದವನು ನಾನು, ಮರೆತಿದ್ದೆ. ಬೈಗುಳಕ್ಕೆ ಹೆದರಿ ಮಾಸ್ತರರು ಬಿಟ್ಟುಹೋದದ್ದನ್ನು ಸುತ್ತಿಗೆಯಿಂದ ಒಡೆದು ಮೂಸೆಗೆ ಹಾಕಿದೆ. ಹಿತ್ತಾಳೆ ಕರಗಿತು. ಕಬ್ಬಿಣ ಕರಗಲಿಲ್ಲ. ಇಕ್ಕಳದಿಂದ ಎತ್ತಿ ಹೊರಗಿಟ್ಟದ್ದರಲ್ಲಿ ಈ ಜಾಲರಿಯ ಚೂರೂ ಒಂದು.

ಭಾನುವಾರ ಮಾಸ್ತರರು ತಾವು ಮಾಡಿದ್ದನ್ನು ಸುತ್ತಿ ಒಯ್ಯಲು ಹಳೆಯ ಕಂಬಳಿ ತಂದಿದ್ದರು. ನನಗೆಂದು ಕಮಲಾಪುರದ ಕೆಂಪು ಬಾಳೆಹಣ್ಣು.

"ಗುಜರಿ ಅಂತ ತಿಳದು ಭಟ್ಟಿಗೆ ಹಾಕೀನ್ರಿ ಸರ... ಗೊತ್ತಾಗಲಿಲ್ಲರಿ," ಎಂದೆ.

ಅವರು ಬೈಯಲಿಲ್ಲ. "ನಿನಗೂ ಗುಜರಿ ಕಂಡ್ತಾ?" ಎಂದರು, ಅಷ್ಟೇ. ಹಣ್ಣು ಮರಳಿನ ಮೇಲಿಟ್ಟು, ಕಂಬಳಿ ಮಡಚಿಕೊಂಡು ಹೋದರು. ಮತ್ತೆ ಬರಲಿಲ್ಲ.

ಹೆದರಿ ಹಾಕಿದೆ ಎಂದು ನಿಜ ಹೇಳಿದ್ದರೆ ನಾಲ್ಕು ಮಾತು ಬೈದು, ಮುಂದಿನ ಭಾನುವಾರ ಮತ್ತೆ ಚೀಲ ಹೊತ್ತು ಬರುತ್ತಿದ್ದರೇನೋ...

ಹತ್ತು ಹನ್ನೆರಡು ವರ್ಷಗಳ ನಂತರ ಅವರು ತೀರಿಕೊಂಡ ಸುದ್ದಿ ಕೇಳಿ ಕಮಲಾಪುರಕ್ಕೆ ಹೋದೆ. "ಆ ಪ್ರದರ್ಶನ ತಪ್ಪಿದ ಮ್ಯಾಲ ಅವರು ಕಬ್ಬಿಣ ಮುಟ್ಟಲೇ ಇಲ್ಲರಿ. ಯಾಕಂತ ಹೇಳಲಿಲ್ಲ," ಎಂದರು ಅವರ ಹೆಂಡತಿ. ಅಲ್ಲಿಯೂ ನನ್ನ ಬಾಯಿಂದ ನಿಜ ಬರಲಿಲ್ಲ. ಕೊಟ್ಟ ಚಹಾ ಕುಡಿದು ಬಂದೆ.

ಈಗ ಜಾಲರಿಯನ್ನು ಕಿಟಕಿಯ ಬೆಳಕಿಗೆ ಹಿಡಿದಿದ್ದೇನೆ. ಇಷ್ಟು ಚೂರಿನಲ್ಲೂ ನಮ್ಮವ್ವನ ಬೆನ್ನು ಬಾಗಿದ್ದು ಕಾಣುತ್ತದೆ.

ಅವತ್ತೂ ಕಂಡಿತ್ತರಿ, ಸರ.