ಸೋಮವಾರವಿಲ್ಲದ ದೇಶ

ನಮ್ಮಪ್ಪನ ಬಾಯಿ ಅಂದರೆ ಬೊಂಬಾಯಿ. ಘಾಟಬೋರಾಳದ ನಮ್ಮ ಹೊಲದಲ್ಲಿ ನಿಂತು ಅವರು ಬೈದರೆ ಪಕ್ಕದ ಹೊಲದವರೂ ತಮ್ಮ ಕೆಲಸ ತಿದ್ದಿಕೊಳ್ಳುತ್ತಿದ್ದರು. ಆ ಬೈಗುಳ ತಿಂದೇ ಬೆಳೆದವಳು ನಾನು. ಮದುವೆಯಾಗಿ ಬಸವಕಲ್ಯಾಣಕ್ಕೆ ಬಂದ ಮೇಲೆ, ಸದ್ಯ ಕಿವಿ ತಣ್ಣಗಾಯಿತು ಎಂದು ನಾಲ್ಕು ಜನರೆದುರು ಹೇಳಿ ನಕ್ಕಿದ್ದೂ ಉಂಟು. ಆ ನಗುವಿಗೆ ಆಮೇಲೆ ಎಷ್ಟು ನೊಂದುಕೊಂಡೆ ಅನ್ನುವುದು ನನಗೇ ಗೊತ್ತು.

ಅಪ್ಪನಿಗೆ ಲಕ್ವಾ ಹೊಡೆಯಿತು. ಬಲಗೈ ಬಿದ್ದುಹೋಯಿತು, ಅದರ ಜೊತೆಗೆ ಮಾತೂ ಹೋಯಿತು. ಅಪ್ಪ, ಅವ್ವ ಇಬ್ಬರನ್ನೂ ನಮ್ಮ ಮನೆಗೆ ಕರೆತಂದೆ. ವಾರಕ್ಕೊಮ್ಮೆ ಹುಮನಾಬಾದಿಗೆ ಹೋಗಿ, ಮಾತು ಕಲಿಸುವ ಮೇಡಂ ಮುಂದೆ ಅಪ್ಪನನ್ನು ಕೂರಿಸುತ್ತಿದ್ದೆ. ಆಕೆ ಚೆಂಡಿನ ಚಿತ್ರ ಹಿಡಿದು "ಇದು ಏನ್ರಿ ಕಾಕಾ?" ಅಂದರೆ ಅಪ್ಪ ಗೋಡೆಯ ಕಡೆ ಮುಖ ತಿರುಗಿಸುತ್ತಿದ್ದರು. ನಲವತ್ತು ವರ್ಷ ನೇಗಿಲು ಹಿಡಿದ ಮನುಷ್ಯನಿಗೆ ಚೆಂಡು ತೋರಿಸಿದರೆ ಇನ್ನೇನು ಮಾಡಿಯಾರು!

ಮೂರು ತಿಂಗಳಾದರೂ ಒಂದು ಶಬ್ದ ಹೊರಬರಲಿಲ್ಲ. ಮೇಡಂ ನನ್ನನ್ನು ಹೊರಗೆ ಕರೆದು ಹೇಳಿದರು. "ಅಕ್ಕಾರ, ಇವರಿಗೆ ಮಾತು ಬರ್ತದ್ರಿ. ಆದ್ರ ಆಡಬೇಕು ಅಂತ ಅನಸವಲ್ದು. ಹಿಂಗ ಸುಮ್ನ ಕುಂತ್ರ ಮುಂದ ಭಾಳ ತ್ರಾಸ ಆಗ್ತದ. ಮನ್ಯಾಗ ಏನರೆ ಓದಿ ಹೇಳ್ರಿ."

ಆ ದಿನ ಬಸ್ಸಿನಲ್ಲಿ, ಜೊತೆಗೆ ಬಂದಿದ್ದ ಅವ್ವನಿಗೆ ಕಾಣದ ಹಾಗೆ ಕಿಟಕಿ ಕಡೆ ತಿರುಗಿ ಅತ್ತೆ. ಬೈಯಲಿ, ನನ್ನ ಏಳು ತಲೆಮಾರನ್ನೂ ಬೈಯಲಿ, ಒಂದು ಮಾತಾಡಿದರೆ ಸಾಕು ಅನ್ನಿಸುತ್ತಿತ್ತು.

ಮೊದಲು ಪೇಪರ್ ಓದಿದೆ. ಅಪ್ಪ ಕಣ್ಣು ಮುಚ್ಚಿಕೊಂಡರು. ಬೇರೇನೂ ಹೊಳೆಯದೆ, ನಾನು ಬರೆಯುತ್ತಿದ್ದ ಮಕ್ಕಳ ಕಾದಂಬರಿಯನ್ನೇ ತೆಗೆದೆ. ಇಲ್ಲದ ಒಂದು ದೇಶದ ಕಥೆ ಅದು. ಆ ದೇಶಕ್ಕೆ ನಾನೇ ಒಂದು ಪಂಚಾಂಗ ಕಟ್ಟಿದ್ದೆ, ಅದರ ಬಗ್ಗೆ ನನಗೆ ಸ್ವಲ್ಪ ಜಂಬವೂ ಇತ್ತು. ಅಲ್ಲಿ ಕೆಂಪು ಚಂದ್ರ. ಅದು ತುಂಬಿ ಕರಗುವುದಕ್ಕೆ ನಲವತ್ತು ದಿನ, ಅದೇ ಒಂದು ತಿಂಗಳು. ಅಂಥ ಒಂಬತ್ತು ತಿಂಗಳಿಗೆ ಒಂದು ವರ್ಷ. ಗಂಟೆ, ನಿಮಿಷ ಇಲ್ಲ. ತಳದಲ್ಲಿ ತೂತಿರುವ ಬಟ್ಟಲನ್ನು ನೀರಿನ ತೊಟ್ಟಿಯಲ್ಲಿ ತೇಲಿಬಿಡುತ್ತಾರೆ, ಅದು ಮುಳುಗಿದರೆ ಒಂದು ಬಟ್ಟಲು ಹೊತ್ತು ಆಯಿತು. ಹಗಲಿಗೆ ಹತ್ತು ಬಟ್ಟಲು. ವಾರಗಳ ಗೊಡವೆಯೇ ಇಲ್ಲ. ಜನ ಒಂದರಿಂದ ನಲವತ್ತರವರೆಗೆ ಎಣಿಸುತ್ತಾ, ನೀಲಿ ಎತ್ತುಗಳನ್ನು ಹೂಡಿಕೊಂಡು ಹೊಲ ಉಳುತ್ತಾರೆ.

ಇಷ್ಟು ಓದುವಷ್ಟರಲ್ಲಿ ಮಂಚದ ಮೇಲೆ ಧಪ್ ಅಂತ ಏಟು ಬಿತ್ತು. ಅಪ್ಪ ಎಡಗೈಯಿಂದ ಗುದ್ದಿದ್ದರು.

"ಸೋಮಾರ?" ಅಂದರು.

"ಅಲ್ಲಿ ಸೋಮಾರ ಇಲ್ರಿ ಅಪ್ಪಾ. ವಾರಾನ ಇಲ್ಲ," ಅಂದೆ.

"ಎತ್ತ... ಎತ್ತಿಗೆ... ಸೋಮಾರ ಬ್ಯಾಡೇನ?"

"ಅದು ಕಥಿ ಐತ್ರಿ, ಅಲ್ಲಿ ಎತ್ತಿಗೆ ದಣಿವ ಆಗಂಗಿಲ್ಲ," ಎಂದು ನಾನು ವಾದಕ್ಕೇ ನಿಂತೆ. ಒಳಗಿಂದ ಅವ್ವ ಹಿಟ್ಟಿನ ಕೈಯಲ್ಲೇ ಓಡಿಬಂದು "ಯವ್ವಾ, ಮಾತಾಡಿದ್ರಲ್ಲೇ!" ಎಂದು ಕೂಗಿದಾಗಲೇ ನನಗೆ ಎಚ್ಚರವಾದದ್ದು. ಮೂರು ತಿಂಗಳ ಮೇಲೆ ಅಪ್ಪ ಬಾಯಿ ಬಿಟ್ಟಿದ್ದರು, ನಾನು ದಡ್ಡಿ ಅವರ ಜೊತೆ ಜಗಳಕ್ಕೆ ನಿಂತಿದ್ದೆ!

ನಮ್ಮ ಕಡೆ ಸೋಮವಾರ ಎತ್ತು ಹೂಡುವುದಿಲ್ಲ. ಅದು ಬಸವಣ್ಣನ ವಾರ. ನೆಲಕ್ಕೆ ಎಷ್ಟೇ ಹದ ಬಂದಿರಲಿ, ಆ ದಿನ ನೊಗ ಗೋಡೆಗೇ ಒರಗಿರಬೇಕು. ಕೂಸಿದ್ದಾಗಿನಿಂದ ಇದನ್ನು ನೋಡಿದ ನಾನು, ಎರಡು ವರ್ಷ ಕೂತು ಪಂಚಾಂಗ ಕಟ್ಟಿ, ಎತ್ತಿಗೇ ರಜೆ ಇಡುವುದನ್ನು ಮರೆತಿದ್ದೆ. ನಾಚಿಕೆಯಾಯಿತು. ಅದಕ್ಕಿಂತ ಹೆಚ್ಚಾಗಿ ಸಂತೋಷವಾಯಿತು.

ಮರುದಿನ, ಆರು ದಿನ ಉತ್ತ ಮೇಲೆ ಏಳನೆಯದು 'ನೊಗ ಇಳಿಸುವ ದಿನ' ಎಂದು ಸೇರಿಸಿ ಓದಿದೆ. ಅಪ್ಪ ಎಡಗೈ ಬೆರಳು ಮಡಚಿ ಎಣಿಸಿದರು. ಏಳೇಳರಂತೆ ಹೋದರೆ ನಲವತ್ತರಲ್ಲಿ ಲೆಕ್ಕ ಕೂಡುತ್ತಿರಲಿಲ್ಲ. "ನಲವತ್ತ... ನಲವತ್ತೆರಡ," ಅಂದರು. ಸರಿ, ಅವರ ಮಾತಿಗೆ ಚಂದ್ರನನ್ನೇ ಎರಡು ದಿನ ನಿಧಾನ ಮಾಡಿದೆ.

ಆಗ ನನಗೊಂದು ಕಿತಾಪತಿ ಹೊಳೆಯಿತು. ಬೇಕೆಂದೇ ತಪ್ಪು ಬರೆಯತೊಡಗಿದೆ. ಬಿಳಿಜೋಳವನ್ನು ಉರಿಬಿಸಿಲಿನ ತಿಂಗಳಲ್ಲಿ ಬಿತ್ತಿಸಿದೆ. "ಸುಡ್ತದ ಅದು!" ಅಂದರು. ನಡುಮಧ್ಯಾಹ್ನ ಐದನೇ ಬಟ್ಟಲಿಗೆ ಎಮ್ಮೆ ಹಿಂಡಿಸಿದೆ. "ಯಾವ ಶಾಣ್ಯಾ... ಹಿಂಡ್ತಾನ... ಈ ಹೊತ್ತಿನ್ಯಾಗ?" ಅಂದರು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಅನ್ನುವಂತೆ, ನನ್ನ ತಪ್ಪಿಗೆ ಅವ್ವನಿಗೂ ಎರಡು ಬೀಳುತ್ತಿದ್ದವು. "ಬೈರಿ, ಇನ್ನಷ್ಟು ಬೈರಿ," ಎಂದು ಅವ್ವ ಸೆರಗು ಬಾಯಿಗೆ ಒತ್ತಿ ನಗುತ್ತಿದ್ದಳು. ಹುಮನಾಬಾದಿನ ಮೇಡಂ ಚೆಂಡಿನ ಚಿತ್ರ ಬದಿಗಿಟ್ಟು, ಕೆಂಪು ಚಂದ್ರನ ತಿಂಗಳುಗಳ ಹೆಸರನ್ನೇ ಅಪ್ಪನಿಂದ ಕೇಳತೊಡಗಿದರು.

ಹೀಗೇ ಎರಡು ತಿಂಗಳು ನಡೆಯಿತು. ಒಂದು ಬೆಳಗ್ಗೆ ನನ್ನ ಕಥೆಯ ರೈತರು ತೊಗರಿ ಹೂ ಬಿಟ್ಟ ಮರುದಿನವೇ ಕೊಯ್ದು ರಾಶಿ ಮಾಡಲು ಹೊರಟರು. ಅಪ್ಪ ಮಂಚ ಗುದ್ದಲಿಲ್ಲ. ನನ್ನ ಮುಖವನ್ನೇ ನೋಡುತ್ತ ಕೂತರು. ಮತ್ತೆ ಮಾತು ನಿಂತಿತೇನೋ ಎಂದು ಹೆದರಿದೆ.

"ರೈತನ ಮಗಳ ನೀ," ಅಂದರು ಅಪ್ಪ, ನಿಧಾನವಾಗಿ, ಎಲ್ಲಿಯೂ ತಡವರಿಸದೆ. "ತೊಗರಿ ಯಾವಾಗ ಬರ್ತದ ಅಂತ ನಿನಗ ಗೊತ್ತಿಲ್ಲೇನ? ಬೇಕಂತ ತಪ್ಪ ಓದಾಕತ್ತೀ."

ಸಿಕ್ಕಿಬಿದ್ದೆ.

"ಹೌದ್ರಿ ಅಪ್ಪಾ. ನೀವು ಮಾತಾಡ್ಲಿ ಅಂತ," ಅಂದೆ. ಕಣ್ಣು ತುಂಬಿ ಕೈಯಲ್ಲಿದ್ದ ಹಾಳೆ ಕಾಣದಾಯಿತು.

"ಖೋಡಿ," ಎಂದು ಬೈದರು. ನನ್ನ ಕೈಜಾರಿ ಹಾಸಿಗೆಯ ಮೇಲೆ ಬಿದ್ದ ಹಾಳೆಯನ್ನು ಎಡಗೈಯಿಂದ ನನ್ನ ಕಡೆ ಸರಿಸಿದರು.

"ನಾಳಿಗಿ ಇನ್ನೊಂದು ತಪ್ಪ ಮಾಡು."